ಕಛೇರಿ ಕಣ್ಣಿಗೂ ಬೇಕು

ಜಯನಗರ ಎಂಟನೇ ಬ್ಲಾಕಿನಲ್ಲಿ ಒಂದು ಸಂಜೆ ಕಛೇರಿ ಮುಗಿದಿತ್ತು. ಮಂಗಳ ಹಾಡಿ, ಕಲಾವಿದರಿಗೆ ಶಾಲು ಹೊದಿಸಿ ಆಗಿತ್ತು. ಜನ ಬಾಗಿಲ ಬಳಿ ಚಪ್ಪಲಿ ಹುಡುಕಿಕೊಳ್ಳುತ್ತಿದ್ದರು. ಆ ದಿನದ ತೋಡಿ ರಾಗ ಎಲ್ಲರ ಕಿವಿಯಲ್ಲಿ ಇನ್ನೂ ಗುಂಯ್‌ಗುಡುತ್ತಿತ್ತು. ಪಕ್ಕದಲ್ಲಿದ್ದ ಹಿರಿಯರೊಬ್ಬರು, "ಇಂಥದ್ದು ಟಿವೀಲಿ ಬರಬೇಕಿತ್ತು ನೋಡಿ. ನಮ್ಮ ಮನೆಯವರಿಗೆ ಮಂಡಿನೋವು, ಮೆಟ್ಟಿಲು ಹತ್ತೋಕಾಗಲ್ಲ. ಮನೇಲೇ ಕೂತು ನೋಡ್ತಿದ್ರು" ಎಂದರು. ಜೊತೆಗಿದ್ದವರು ತಕ್ಷಣ ಅಂದರು: "ಟಿವೀಲಿ ಇದನ್ನ ಯಾರು ನೋಡ್ತಾರೆ ಬಿಡಿ ಸಾರ್. ಅದಕ್ಕೂ ಇದಕ್ಕೂ ಆಗಿಬರಲ್ಲ. ಬೇಕಾದೋರಿಗೆ ಯೂಟ್ಯೂಬ್ ಇದೆಯಲ್ಲ." ಸುತ್ತ ನಿಂತವರೆಲ್ಲ ಹೌದು ಹೌದೆಂದು ತಲೆಯಾಡಿಸಿದರು. ಮಾತು ಅಲ್ಲಿಗೇ ನಿಂತಿತು.

ಹಾಗೆ ತಲೆಯಾಡಿಸಲು ನನ್ನಿಂದಾಗಲಿಲ್ಲ. ಆ ಮಾತು ಈಗ ಯಾರೋ ಒಬ್ಬರ ಅನಿಸಿಕೆಯಾಗಿ ಉಳಿದಿಲ್ಲ. ವಾಹಿನಿ ನಡೆಸುವವರು ಹೇಳುವುದು ಇದನ್ನೇ, ಸಂಗೀತ ಸಭೆ ನಡೆಸುವವರು ಹೇಳುವುದು ಇದನ್ನೇ, ವೇದಿಕೆಯ ಮೇಲೆ ಕೂತು ಹಾಡುವವರು ನಂಬಿರುವುದೂ ಇದನ್ನೇ. ಅವರು ಕೊಡುವ ಕಾರಣಗಳು ಎಲ್ಲರಿಗೂ ಗೊತ್ತು. ಸಂಗೀತ ಕಿವಿಯದು, ಟಿವಿ ಕಣ್ಣಿನದು. ಕಛೇರಿ ಉದ್ದ, ನೋಡುವವರಿಗೆ ಅಷ್ಟು ತಾಳ್ಮೆಯಿಲ್ಲ. ತಾಳ್ಮೆಯಿದ್ದವರ ಸಂಖ್ಯೆ ಟಿಆರ್‌ಪಿಗೆ ಸಾಲದು. ಸಾಲದೆ ಹೋದವರಿಗೆ ಯೂಟ್ಯೂಬ್ ಇದೆ. ಕೊನೆಯದಾಗಿ, ಇದು ಕೆಲವೇ ಮನೆಗಳ ಸಂಗೀತ, ಎಲ್ಲರ ಟಿವಿಯಲ್ಲಿ ಇದಕ್ಕೇಕೆ ಜಾಗ?

ಈ ಐದರಲ್ಲಿ ಒಂದೂ ನಿಲ್ಲುವ ವಾದವಲ್ಲ ಎಂಬುದು ನನ್ನ ನಿಲುವು. ಟಿವಿ ಈ ಸಂಗೀತವನ್ನು ತೋರಿಸುವ ವಿದ್ಯೆ ಕಲಿಯಲೇ ಇಲ್ಲ. ಕಲಿಯದೆ ಸೋತು, ಸೋಲನ್ನು ಸಂಗೀತದ ತಲೆಗೆ ಕಟ್ಟಿತು. ನಾವು ರಸಿಕರೂ ಅದನ್ನು ನಂಬಿ ಸುಮ್ಮನಾದೆವು.

ಮೊದಲು ಕಿವಿ, ಕಣ್ಣಿನ ಮಾತು. ಹೀಗೆ ಹೇಳುವವರು ಕಛೇರಿಯಲ್ಲಿ ಮೊದಲ ಸಾಲಿಗಾಗಿ ಅರ್ಧ ಗಂಟೆ ಮುಂಚೆ ಬಂದು ಕೂರುವುದೇಕೆ? ಧ್ವನಿವರ್ಧಕವಿದೆ, ಕೊನೆಯ ಸಾಲಿಗೂ ಕೇಳುತ್ತದೆ. ಆದರೂ ಮುಂದೆ ಕೂರುತ್ತಾರೆ, ಏಕೆಂದರೆ ಕಛೇರಿ ನೋಡುವ ಸಂಗತಿಯೂ ಹೌದು. ಆದಿತಾಳವನ್ನೇ ತೆಗೆದುಕೊಳ್ಳಿ. ತೊಡೆಯ ಮೇಲೆ ಒಂದು ಪೆಟ್ಟು, ಆಮೇಲೆ ಕಿರುಬೆರಳು, ಉಂಗುರಬೆರಳು, ನಡುಬೆರಳಿನ ಎಣಿಕೆ. ಮತ್ತೆ ಒಂದು ಪೆಟ್ಟು ಒಂದು ಹುಸಿ, ಇನ್ನೊಂದು ಪೆಟ್ಟು ಇನ್ನೊಂದು ಹುಸಿ. ಎಂಟು ಅಕ್ಷರಗಳು ಹಾಡುವವರ ಅಂಗೈಯಲ್ಲಿ ಕಣ್ಣಿಗೆ ಕಾಣುವಂತೆ ಓಡುತ್ತಿರುತ್ತವೆ. ಒಂದು ಅಕ್ಷರವನ್ನೂ ಕಲಿಯದ ಮಗು ಹತ್ತು ನಿಮಿಷ ಆ ಕೈಯನ್ನೇ ನೋಡಿದರೆ ತಾನೂ ತೊಡೆ ತಟ್ಟಲು ಶುರುಮಾಡುತ್ತದೆ. ರೇಡಿಯೊ ಇದನ್ನು ಎಂದಿಗೂ ಕೊಡಲಾರದು. ಟಿವಿ ಕೊಡಬಲ್ಲದು.

ವೀಣೆಯನ್ನು ನೋಡಿ. ಇಪ್ಪತ್ತನಾಲ್ಕು ಮೆಟ್ಟಿಲು. ತೋಡಿಯ ಗಾಂಧಾರ ನುಡಿಸುವಾಗ ಎಡಗೈ ಬೆರಳು ಒಂದು ಮೆಟ್ಟಿಲ ಮೇಲೆ ನಿಂತು ತಂತಿಯನ್ನು ಪಕ್ಕಕ್ಕೆಳೆದು ಬಿಡುತ್ತದೆ, ಮತ್ತೆ ಎಳೆಯುತ್ತದೆ. ಬೆರಳು ಜಾಗ ಬಿಟ್ಟಿಲ್ಲ, ಸ್ವರ ಮಾತ್ರ ತೂಗುತ್ತಿದೆ. ಗಮಕವೆಂದರೇನೆಂದು ಪುಸ್ತಕದಲ್ಲಿ ನಾಲ್ಕು ಪುಟ ಓದಿದರೂ ತಿಳಿಯದ್ದು ಈ ಎಳೆತವನ್ನು ಒಮ್ಮೆ ಹತ್ತಿರದಿಂದ ನೋಡಿದರೆ ತಿಳಿಯುತ್ತದೆ. ಮೃದಂಗದ ಎಡಗಡೆಗೆ ನೀರಲ್ಲಿ ಕಲಸಿದ ರವೆ ಹಚ್ಚಿ, ಬೆರಳಿಂದ ಒತ್ತಿ ನಾದವನ್ನು ತಗ್ಗಿಸಿಕೊಳ್ಳುವುದು, ಘಟದವರು ಮಡಕೆಯ ಬಾಯನ್ನು ಹೊಟ್ಟೆಗೆ ಒತ್ತಿ ಬಿಟ್ಟು ದನಿ ಬದಲಿಸುವುದು, ಕಲ್ಪನಾಸ್ವರ ಕಟ್ಟುತ್ತಾ ಹೋದ ಗಾಯಕಿ ಸಾಲು ಎತ್ತಿಕೊಳ್ಳುವ ಜಾಗವಾದ ಎಡುಪಿಗೆ ಬಂದಿಳಿಯುವ ಕ್ಷಣಕ್ಕೆ ಮುಂಚೆ ಪಿಟೀಲಿನವರ ಕಡೆ ಹೊರಳಿಸುವ ಒಂದು ನೋಟ, ಇವೆಲ್ಲ ನೋಡಲೆಂದೇ ಇರುವಂಥವು. ಆ ನೋಟದಲ್ಲಿ ಮುಂದಿನ ನಾಲ್ಕು ಆವರ್ತನದ ಒಪ್ಪಂದವಿರುತ್ತದೆ. ಹದಿನೈದನೇ ಸಾಲಿನಲ್ಲಿ ಕೂತವರಿಗೆ ಅದು ಕಾಣುವುದಿಲ್ಲ. ಕ್ಯಾಮೆರಾಕ್ಕೆ ಕಾಣುತ್ತದೆ.

ಹಾಗಾದರೆ ಟಿವಿಯಲ್ಲಿ ನಾವು ಕಂಡದ್ದೇನು? ಗಾಳಿಯಾಡದ ಸ್ಟುಡಿಯೊ, ಹಿಂದೆ ಥರ್ಮೋಕೋಲಿನ ಕಂಬ, ಮುಂದೆ ಕಾಗದದ ಹೂವು, ಒಬ್ಬರಿಗೊಬ್ಬರ ಉಸಿರು ತಾಗದಷ್ಟು ದೂರದಲ್ಲಿ ಕೂತ ಕಲಾವಿದರು, ಎದುರಿಗೆ ಒಬ್ಬ ಕೇಳುಗನೂ ಇಲ್ಲ. ಅರ್ಧ ಗಂಟೆಯ ಅವಧಿ. ಅದರಲ್ಲಿ ಒಂದು ವರ್ಣ, ಎರಡು ಕೀರ್ತನೆ, ಒಂದು ದೇವರನಾಮ ತುರುಕಬೇಕು. ಗಾಯಕರು ಆಲಾಪನೆಗೆ ಬಾಯಿ ತೆರೆದರೆ ಕ್ಯಾಮೆರಾ ಮೃದಂಗದವರ ಮೇಲಿರುತ್ತದೆ. ಪಾಪ, ಅವರು ಕೈಕಟ್ಟಿ ಕೂತಿರುತ್ತಾರೆ. ತಾಳವಾದ್ಯಗಳ ಸರದಿಯಾದ ತನಿ ಆವರ್ತನ ಶುರುವಾದರೆ ಕ್ಯಾಮೆರಾ ಗಾಯಕರ ಮುಖಕ್ಕೆ ಬರುತ್ತದೆ. ಕೆಲವು ವರ್ಷದ ಹಿಂದೆ ಒಂದು ವಾಹಿನಿಯಲ್ಲಿ ಕಛೇರಿಯೊಂದರ ಮುದ್ರಿಕೆ ನೋಡುತ್ತಿದ್ದೆ. ಮೃದಂಗ, ಘಟ ಎರಡೂ ಸೇರಿ ತನಿಯ ಕೊನೆಯ ಘಟ್ಟವಾದ ಮೋಹರಕ್ಕೆ ಬಂದು, ಇನ್ನೇನು ಮುಕ್ತಾಯ ಬೀಳಬೇಕು, ಮನೆಯಲ್ಲಿ ನಾವೆಲ್ಲ ತಾಳದ ಕೈ ಎತ್ತಿ ಕಾಯುತ್ತಿದ್ದೆವು. ಆ ಹೊತ್ತಿಗೆ ಜಾಹೀರಾತು ಬಂತು. ಜಾಹೀರಾತು ಮುಗಿದಾಗ ಪರದೆಯ ಮೇಲೆ ವಂದನಾರ್ಪಣೆ ನಡೆಯುತ್ತಿತ್ತು. ಕ್ರಿಕೆಟ್ಟಿನಲ್ಲಿ ಚೆಂಡು ಗಾಳಿಯಲ್ಲಿರುವಾಗ ಯಾರಾದರೂ ಜಾಹೀರಾತು ಹಾಕುತ್ತಾರೆಯೇ? ಹಾಕಿದರೆ ಮರುದಿನ ವಾಹಿನಿಯ ಮುಂದೆ ಜನ ಸೇರುತ್ತಾರೆ. ಇಲ್ಲಿ ಯಾರೂ ಸೇರಲಿಲ್ಲ. "ಟಿವಿಗೆ ಇದೆಲ್ಲ ಆಗಿಬರಲ್ಲ" ಎಂದು ನಾವೂ ಎದ್ದು ಊಟಕ್ಕೆ ಹೋದೆವು. ತಪ್ಪು ಅಲ್ಲೇ ಆಯಿತು.

ಕ್ರಿಕೆಟ್ಟಿನ ಮಾತು ಬಂದದ್ದರಿಂದ ಉದ್ದದ ವಾದಕ್ಕೂ ಅಲ್ಲೇ ಉತ್ತರ ಹೇಳುತ್ತೇನೆ. ಟೆಸ್ಟ್ ಪಂದ್ಯ ಐದು ದಿನ ನಡೆಯುತ್ತದೆ. ದಿನಕ್ಕೆ ತೊಂಬತ್ತು ಓವರು. ಎಷ್ಟೋ ಹೊತ್ತು ಏನೂ ಆಗುವುದಿಲ್ಲ. ಒಬ್ಬರು ಎಸೆಯುತ್ತಾರೆ, ಇನ್ನೊಬ್ಬರು ಬಿಡುತ್ತಾರೆ. ಆದರೂ ಇದು ಟಿವಿಗೆ ಉದ್ದವಾಯಿತೆಂದು ಯಾರೂ ಹೇಳಲಿಲ್ಲ. ಏಕೆಂದರೆ ಟಿವಿ ಅದನ್ನು ನೋಡುವುದು ಹೇಗೆಂದು ಕಲಿಸಿತು. ಚೆಂಡಿನ ಹೊಲಿಗೆ ಯಾವ ಕಡೆಗಿದೆ ಎಂದು ಹತ್ತಿರದಿಂದ ತೋರಿಸಿತು. ನಿಧಾನಗತಿಯಲ್ಲಿ ಮತ್ತೆ ಮತ್ತೆ ತೋರಿಸಿತು. ಆಡಿ ಬಲ್ಲವರನ್ನು ಕೂರಿಸಿ ಬಿಡಿಸಿ ಹೇಳಿಸಿತು. ಬ್ಯಾಟು ಹಿಡಿದೇ ಇರದ ನಮ್ಮ ಅಜ್ಜಿಯಂದಿರು ಎಲ್‌ಬಿಡಬ್ಲ್ಯೂ ತೀರ್ಪಿನ ಬಗ್ಗೆ ವಾದಿಸುವಷ್ಟು ತಿಳಿದುಕೊಂಡರು. ಇದರ ಹತ್ತರಲ್ಲೊಂದು ಪಾಲು ಶ್ರಮವನ್ನು ಕಛೇರಿಗೆ ಯಾವ ವಾಹಿನಿ ಹಾಕಿದೆ? ಪರದೆಯ ಕೆಳಗೆ ರಾಗ, ತಾಳ, ರಚಿಸಿದವರ ಹೆಸರು ಹಾಕಲು ಖರ್ಚೇನಿಲ್ಲ. ಹಾಡುತ್ತಿರುವ ಸಾಲನ್ನು ಕನ್ನಡ ಅಕ್ಷರದಲ್ಲಿ ಕೊಡಲು ಖರ್ಚೇನಿಲ್ಲ. ಈಗ ನೆರವಲ್ ನಡೆಯುತ್ತಿದೆ, ಒಂದೇ ಸಾಲನ್ನು ಹಲವು ಬಗೆಯಲ್ಲಿ ಹರಡುತ್ತಿದ್ದಾರೆ, ಸಾಲು ಎಲ್ಲಿ ಎತ್ತಿಕೊಳ್ಳುತ್ತಾರೋ ಗಮನಿಸಿ ಎಂದು ಬಲ್ಲವರೊಬ್ಬರು ಎರಡು ಮಾತು ಹೇಳಿದರೆ ಸಾಕು. ಎರಡೂವರೆ ಗಂಟೆಯ ಕಛೇರಿ ಟೆಸ್ಟ್ ಪಂದ್ಯದ ಒಂದು ಅವಧಿಗಿಂತ ಅರ್ಧ ಗಂಟೆಯಷ್ಟೇ ಹೆಚ್ಚು. ಉದ್ದ ಎಂಬುದು ನೆಪ.

ಇನ್ನು ಯಾರೂ ನೋಡುವುದಿಲ್ಲ ಎಂಬ ಮಾತು. ಕಥೆಯ ಮಾತು ಬಿಡಿ, ಕಂಡದ್ದನ್ನು ಹೇಳುತ್ತೇನೆ. ನಮ್ಮತ್ತೆಯ ಮನೆ ಬನಶಂಕರಿ ಎರಡನೇ ಹಂತದಲ್ಲಿತ್ತು. ಪುಷ್ಯ ಬಹುಳ ಪಂಚಮಿಯ ದಿನ ದೂರದರ್ಶನದಲ್ಲಿ ತಿರುವೈಯಾರಿನಿಂದ ತ್ಯಾಗರಾಜರ ಆರಾಧನೆಯ ನೇರಪ್ರಸಾರ ಬರುತ್ತಿತ್ತು. ಅತ್ತೆ ಬೆಳಿಗ್ಗೆಯೇ ಮಿಂದು, ಟಿವಿಯ ಮೇಲಿನ ಹೊದಿಕೆ ತೆಗೆದು, ಮುಂದೆ ಪುಟ್ಟ ರಂಗೋಲಿ ಇಟ್ಟು, ಜಮಖಾನ ಹಾಸುತ್ತಿದ್ದರು. ಬೀದಿಯ ಏಳೆಂಟು ಹೆಂಗಸರು ಕೀರ್ತನೆಯ ಪುಸ್ತಕ ಹಿಡಿದು ಬರುತ್ತಿದ್ದರು. ನಾಟದಲ್ಲಿ ಶುರುವಾಗಿ ಗೌಳ, ಆರಭಿ, ವರಾಳಿ ದಾಟಿ ಶ್ರೀರಾಗಕ್ಕೆ ಬರುವವರೆಗೆ ತ್ಯಾಗರಾಜರ ಐದೂ ಪಂಚರತ್ನ ಕೃತಿಗಳನ್ನು ಅಲ್ಲಿನವರ ಜೊತೆ ಇವರೂ ಹಾಡುತ್ತಿದ್ದರು. ಒಂದು ವರ್ಷ ಮನೆಗೆಲಸಕ್ಕೆ ಬರುತ್ತಿದ್ದ ಅಕ್ಕನ ಮಗಳು, ಎಂಟೊಂಬತ್ತು ವರ್ಷದವಳು, ಬಾಗಿಲ ಬಳಿ ಕೂತು ಕಣ್ಣು ಕೀಳದೆ ಪರದೆಯನ್ನೇ ನೋಡುತ್ತಿದ್ದಳು. ಅಲ್ಲಿ ಸಾಲಾಗಿ ಕೂತ ಪಿಟೀಲಿನವರು. "ಅಷ್ಟು ಜನರ ಕಡ್ಡಿ ಒಟ್ಟಿಗೇ ಮೇಲೆ ಹೋಗುತ್ತಲ್ಲಮ್ಮಾ, ಯಾರು ಹೇಳ್ತಾರೆ ಅವರಿಗೆ?" ಎಂದು ಅವಳು ಕೇಳಿದಳು. ಅಷ್ಟು ವರ್ಷದಿಂದ ನೋಡುತ್ತಿದ್ದ ನಮ್ಮಲ್ಲಿ ಯಾರಿಗೂ ಆ ಪ್ರಶ್ನೆ ಹೊಳೆದಿರಲಿಲ್ಲ.

ಆ ಹುಡುಗಿ ಯಾವ ಟಿಆರ್‌ಪಿ ಲೆಕ್ಕದಲ್ಲೂ ಇರಲಿಲ್ಲ. ಇಂದು ಇಡೀ ದೇಶದ ವೀಕ್ಷಣೆಯನ್ನು ಬಾರ್ಕ್ ಸಂಸ್ಥೆ ಅಳೆಯುವುದು ಐವತ್ತು ಸಾವಿರ ಚಿಲ್ಲರೆ ಮನೆಗಳಲ್ಲಿಟ್ಟ ಮೀಟರುಗಳಿಂದ. ಜಾಹೀರಾತಿನ ದರ ಗೊತ್ತುಮಾಡಲು ಆ ಅಳತೆ ಸಾಕಿರಬಹುದು. ಒಂದು ನಾಡಿನ ಜನ ಏನನ್ನು ನೋಡಬಲ್ಲರು ಎಂದು ತೀರ್ಮಾನಿಸಲು ಅದು ಸಾಲದು. ತೋರಿಸದೇ ಇದ್ದದ್ದನ್ನು ಯಾರೂ ನೋಡಲಿಲ್ಲವೆಂದು ಮೀಟರು ಹೇಳಿದರೆ ಅದರಿಂದ ಸಿದ್ಧವಾಗುವುದೇನು?

ತೋರಿಸಿದಾಗ ಜನ ನೋಡಿದ್ದಾರೆ. ಜಿ.ವಿ. ಅಯ್ಯರ್ ಅವರ 'ಹಂಸಗೀತೆ' 1975ರದು. ಚಿತ್ರದುರ್ಗದ ಸಂಗೀತಗಾರನೊಬ್ಬನ ಬದುಕೇ ಅದರ ವಸ್ತು. 1980ರ 'ಶಂಕರಾಭರಣಂ' ತೆಲುಗು ಚಿತ್ರವನ್ನು ಬೆಂಗಳೂರಿನ ಕನ್ನಡಿಗರು ಮನೆಮಂದಿಯೊಂದಿಗೆ ಹೋಗಿ ನೋಡಿದರು. ಸಿನಿಮಾ ಕಣ್ಣಿನ ಮಾಧ್ಯಮವಲ್ಲವೇ? ಟಿವಿಗೇ ಬಂದರೂ ಅಷ್ಟೆ. ಎಸ್‌.ಪಿ. ಬಾಲಸುಬ್ರಹ್ಮಣ್ಯಂ ನಡೆಸಿಕೊಟ್ಟ 'ಎದೆ ತುಂಬಿ ಹಾಡುವೆನು', ಆಮೇಲೆ 'ಸರಿಗಮಪ', ಇವು ಕನ್ನಡದ ಮನೆಗಳಲ್ಲಿ ಊಟದ ಹೊತ್ತನ್ನೇ ಬದಲಿಸಿದವು. ಅಲ್ಲಿ ಗೆದ್ದು ಬರುವ ಎಷ್ಟೋ ಮಕ್ಕಳು ಯಾವುದೋ ಬಡಾವಣೆಯ ಗುರುಗಳ ಮನೆಯಲ್ಲಿ ಸರಳೆ, ಜಂಟಿ, ಅಲಂಕಾರ ತಿದ್ದಿ, ಜೂನಿಯರ್ ಪರೀಕ್ಷೆ ಕಟ್ಟಿ ಬಂದವರು. ವಾಹಿನಿಗೆ ಆ ಗಂಟಲು ಬೇಕು, ಗಂಟಲನ್ನು ಪಳಗಿಸಿದ ವಿದ್ಯೆ ಬೇಡ. ಕಾರ್ಯಕ್ರಮಕ್ಕೆ ಸಪ್ತಸ್ವರದ ಹೆಸರಿಡುತ್ತಾರೆ, ಸ್ವರ ಕಟ್ಟುವ ಕಛೇರಿಗೆ ಅರ್ಧ ಗಂಟೆಯನ್ನೂ ಕೊಡುವುದಿಲ್ಲ. ಹಾಡುವ ಮಗುವನ್ನು ಲಕ್ಷಗಟ್ಟಲೆ ಜನ ಕೂತು ನೋಡುವ ನಾಡಿನಲ್ಲಿ, ಅದೇ ಮಗುವಿನ ಗುರು ಹಾಡಿದರೆ ನೋಡುವವರಿಲ್ಲ ಎಂದು ಯಾವ ಆಧಾರದ ಮೇಲೆ ಹೇಳುತ್ತಾರೆ?

ಯೂಟ್ಯೂಬ್ ಇದೆಯಲ್ಲ ಎನ್ನುವ ವಾದ ಈಗ ಎಲ್ಲಕ್ಕಿಂತ ಜೋರಾಗಿದೆ, ಎಲ್ಲಕ್ಕಿಂತ ಸುಲಭವೂ ಆಗಿದೆ. ಅಲ್ಲಿ ಅಪಾರ ಸಂಗೀತವಿದೆ, ನಾನೂ ದಿನವೂ ಕೇಳುತ್ತೇನೆ. ಆದರೆ ಅದು ಹುಡುಕುವವರ ಭಂಡಾರ. ಹೆಸರು ಗೊತ್ತಿದ್ದರೆ ಬಾಗಿಲು ತೆರೆಯುತ್ತದೆ. ನಮ್ಮತ್ತೆಯ ಮನೆ ಬಾಗಿಲಲ್ಲಿ ಕೂತಿದ್ದ ಹುಡುಗಿ ಯಾವ ಹೆಸರನ್ನು ಹುಡುಕಬೇಕಿತ್ತು? ಅವಳಿಗೆ ಅಂಥದ್ದೊಂದು ಇದೆಯೆಂದೇ ಗೊತ್ತಿರಲಿಲ್ಲ. ನಿನ್ನೆ ನೋಡಿದ್ದನ್ನೇ ಹೋಲುವುದನ್ನು ಯೂಟ್ಯೂಬ್ ನಾಳೆ ಮುಂದಿಡುತ್ತದೆ. ಕೇಳುತ್ತಿದ್ದವರಿಗೆ ಇನ್ನಷ್ಟು ಕೇಳಿಸುತ್ತದೆ, ಕೇಳದವರ ಹತ್ತಿರಕ್ಕೂ ಸುಳಿಯುವುದಿಲ್ಲ. ಪ್ರಸಾರವೆಂದರೆ ಕೇಳದವರ ಮನೆಗೂ ಹೋಗಿ ಬಾಗಿಲು ತಟ್ಟುವುದು. ಇನ್ನೊಂದು ಸಂಗತಿ. ನಮ್ಮ ಸಭೆಗಳು ಯೂಟ್ಯೂಬಿಗೆ ಕೊಡುವ ನೇರಪ್ರಸಾರದಲ್ಲಿ ಹೆಚ್ಚಿನವು ಸಭಾಂಗಣದ ಹಿಂದೆ ನಿಲ್ಲಿಸಿದ ಒಂದೇ ಕ್ಯಾಮೆರಾದವು. ಮುಂದೆ ಕೂತವರ ತಲೆಗಳ ನಡುವೆ ಚಿಕ್ಕದಾಗಿ ನಾಲ್ವರು ಕಲಾವಿದರು, ತಂಬೂರಿಯೇ ಕೇಳದ ಧ್ವನಿ. ಸಭೆಗಳವರ ಶ್ರದ್ಧೆಯ ಬಗ್ಗೆ ನನಗೆ ಗೌರವವಿದೆ. ಅವರ ಬಳಿ ಹಣವಿಲ್ಲ, ನುರಿತ ತಂತ್ರಜ್ಞರಿಲ್ಲ. ದೂರದರ್ಶನದ ಬಳಿ ಎರಡೂ ಇವೆ. ಮೇಲಾಗಿ, ಆಕಾಶವಾಣಿ, ದೂರದರ್ಶನಗಳು ಕಲಾವಿದರಿಗೆ, ಪಕ್ಕವಾದ್ಯದವರಿಗೆ ಅವರವರ ಶ್ರೇಣಿಗೆ ತಕ್ಕ ಸಂಭಾವನೆ ಕೊಡುತ್ತವೆ. ಯೂಟ್ಯೂಬಿನಲ್ಲಿ ಹಾಡಿದ ಘಟದವರ ಕೈಗೆ ಬರುವುದೇನೆಂದು ಅವರನ್ನೇ ಕೇಳಿ.

ಐದನೆಯ ವಾದವನ್ನು ನಾನು ಹಗುರವಾಗಿ ತಳ್ಳಲಾರೆ, ಅದರಲ್ಲಿ ನಿಜವಿದೆ. ಜಯನಗರ, ಜೆ.ಪಿ. ನಗರದ ಕಛೇರಿಗಳಲ್ಲಿ ಸುತ್ತ ನೋಡಿದರೆ ಕಾಣುವ ಮುಖಗಳು ಒಂದೇ ಬಗೆಯವು. ಕೆಲವೇ ಜಾತಿಗಳು, ಅದರಲ್ಲೂ ನರೆತ ತಲೆಗಳೇ ಹೆಚ್ಚು. ಹಾಗಾಗಿ ಇದು ಅವರ ಸಂಗೀತ, ಅವರೇ ನೋಡಿಕೊಳ್ಳಲಿ ಎನ್ನುತ್ತಾರೆ. ಆದರೆ ಈ ಸಂಗೀತದ ಚರಿತ್ರೆ ಬೇರೆಯೇ ಇದೆ. ನಾವು ಟಿವಿಯಲ್ಲಿ ನೋಡುತ್ತಿದ್ದ ತಿರುವೈಯಾರಿನ ಆ ಸಮಾಧಿ ಮಂದಿರವನ್ನು ಕಟ್ಟಿಸಿದವರು ಬೆಂಗಳೂರು ನಾಗರತ್ನಮ್ಮ. 1878ರಲ್ಲಿ ದೇವದಾಸಿ ಮನೆತನದಲ್ಲಿ ಹುಟ್ಟಿದ ಈ ಹೆಣ್ಣುಮಗಳು ತಮ್ಮ ಸಂಪಾದನೆಯನ್ನೆಲ್ಲ ಅಲ್ಲಿಗೆ ಸುರಿದರು. ಆರಾಧನೆಯಲ್ಲಿ ಹೆಂಗಸರು ಹಾಡಬಾರದೆಂದವರ ಎದುರು ನಿಂತು, ಹೆಂಗಸರದೇ ಬೇರೆ ಗೋಷ್ಠಿ ಕಟ್ಟಿದರು. ಇಂದು ಪಂಚರತ್ನ ಗೋಷ್ಠಿಯಲ್ಲಿ ಹೆಣ್ಣುಮಕ್ಕಳು ಸಾಲಾಗಿ ಕೂತು ಹಾಡುತ್ತಿದ್ದರೆ ಅದು ಅವರ ಹೋರಾಟದ ಫಲ. ಹುಬ್ಬಳ್ಳಿಯ ಹಿಂದುಸ್ತಾನಿ ಗಾಯಕಿ ಗಂಗೂಬಾಯಿ ಹಾನಗಲ್ಲರು ಊರಿನ ಅವಮಾನಗಳನ್ನು ನುಂಗಿ ಬೆಳೆದವರು. ಅವರ ದನಿಯನ್ನು ಮನೆಮನೆಗೆ ಮುಟ್ಟಿಸಿದ್ದು ಗ್ರಾಮಫೋನು ಮತ್ತು ರೇಡಿಯೊ. ಮನೆಯ ಹೊಸ್ತಿಲು ದಾಟಿಸದವರೂ ಅವರ ದನಿಯನ್ನು ಹೊಸ್ತಿಲೊಳಗೆ ಬಿಟ್ಟುಕೊಳ್ಳಬೇಕಾಯಿತು. ಪ್ರಸಾರ ಮಾಡುವ ಕೆಲಸ ಇದು.

ನಾದಸ್ವರವನ್ನು ನೋಡಿ. ನಮ್ಮ ಮದುವೆ, ಉತ್ಸವಗಳಿಗೆ ವಾಲಗದವರು ಬೇಕು. ಅವರಲ್ಲಿ ರಾಗವನ್ನು ಗಂಟೆಗಟ್ಟಲೆ ವಿಸ್ತರಿಸಬಲ್ಲ ವಿದ್ವಾಂಸರಿದ್ದಾರೆ. ಸಭೆಗಳಲ್ಲಿ ಅವರಿಗೆ ಸಿಗುವುದು ಉದ್ಘಾಟನೆಯ ದಿನದ ಮಂಗಳವಾದ್ಯದ ಕಾಲು ಗಂಟೆ. ಟಿವಿ ಅವರನ್ನು ಕೂರಿಸಿ ಎರಡು ಗಂಟೆ ನುಡಿಸಲಿ, ಹತ್ತಿರದಿಂದ ತೋರಿಸಲಿ. ಸಭೆ ಮಾಡದ ನ್ಯಾಯವನ್ನು ಪ್ರಸಾರ ಮಾಡಬಲ್ಲದು. ಸಂಗೀತ ಕೆಲವರ ಕೈಯಲ್ಲಿದೆ ಎಂಬುದು ಅದನ್ನು ಟಿವಿಯಿಂದ ದೂರವಿಡಲು ಕಾರಣವಾಗುವುದಿಲ್ಲ, ಟಿವಿಗೆ ತರಲು ಇರುವ ಮುಖ್ಯ ಕಾರಣವೇ ಅದು. ಬಿಟಿಎಂ ಲೇಔಟಿನ ಪಿಜಿಯಲ್ಲಿರುವ ರಾಯಚೂರಿನ ಹುಡುಗ, ಕನಕಪುರ ರಸ್ತೆಯಾಚೆಯ ಹಳ್ಳಿಯ ಅಜ್ಜಿ, ಇವರು ಸಭೆಯ ಸೀಸನ್ ಟಿಕೆಟ್ ಕೊಳ್ಳುವವರಲ್ಲ. ಅವರ ಮನೆಯಲ್ಲಿ, ಕೋಣೆಯಲ್ಲಿ ಒಂದು ಪರದೆ ಇದೆ, ಡಿಡಿ ಫ್ರೀ ಡಿಶ್ಶಿನಲ್ಲಿ ತಿಂಗಳ ಬಾಡಿಗೆಯಿಲ್ಲದೆ ದೂರದರ್ಶನದ ಕನ್ನಡ ವಾಹಿನಿ ಚಂದನ ಬರುತ್ತದೆ.

ನಮ್ಮವರೇ ಆದ ಶುದ್ಧ ರಸಿಕರಿಗೂ ಒಂದು ಮಾತು. ಟಿವಿಗೆ ಹೋದರೆ ಕಛೇರಿಯ ಮನೋಧರ್ಮ ಕೆಡುತ್ತದೆ ಎನ್ನುತ್ತೀರಿ. ಮೈಕು ಬಂದಾಗಲೂ, ಗ್ರಾಮಫೋನು ಬಂದಾಗಲೂ ಹೀಗೇ ಹೇಳಿದ್ದರು. 1935ರಲ್ಲಿ ಎಂ.ವಿ. ಗೋಪಾಲಸ್ವಾಮಿಯವರು ಮೈಸೂರಿನಲ್ಲಿ ಬಾನುಲಿ ಶುರುಮಾಡಿದರು. 1952ರಿಂದ ಶನಿವಾರ ರಾತ್ರಿಗಳಲ್ಲಿ ಆಕಾಶವಾಣಿಯ ರಾಷ್ಟ್ರೀಯ ಸಂಗೀತ ಕಾರ್ಯಕ್ರಮ ಬಂತು. ವೀಣೆ ದೊರೆಸ್ವಾಮಿ ಅಯ್ಯಂಗಾರರು ಬೆಂಗಳೂರು ಆಕಾಶವಾಣಿಯಲ್ಲಿ ದುಡಿದರು, ಆರ್‌.ಕೆ. ಶ್ರೀಕಂಠನ್ ಅವರು ಅಲ್ಲಿಂದಲೇ ನಾಡಿಗೆಲ್ಲ ಸಂಗೀತ ಪಾಠ ಹೇಳಿದರು. ಅವರ ಸಂಗೀತ ಕೆಟ್ಟಿತೇ? ಅವರಂಥವರು ಒಳಗೆ ಕೂತಿದ್ದರಿಂದ ರೇಡಿಯೊದ ಸಂಗೀತಕ್ಕೆ ಒಂದು ಮಟ್ಟ ಬಂತು. 2016ರ ಜನವರಿ 26ರಂದು ಶುರುವಾದ ಆಕಾಶವಾಣಿಯ ಶಾಸ್ತ್ರೀಯ ಸಂಗೀತದ ವಾಹಿನಿ 'ರಾಗಂ' ಬೆಂಗಳೂರಿನದೇ ಕೂಸು. ಬೆಂಗಳೂರು ದೂರದರ್ಶನಕ್ಕೆ ದಶಕಗಳಿಂದ ಕ್ಯಾಮೆರಾ ಇದೆ, ಗೋಪುರವಿದೆ. ತಾಳ ಬಲ್ಲ ನಿರ್ದೇಶಕರನ್ನು, ಶ್ರುತಿ ಬಲ್ಲ ಧ್ವನಿಗ್ರಾಹಕರನ್ನು ಅಲ್ಲಿ ಬೆಳೆಸಿ ಎಂದು ನಾವೆಂದಾದರೂ ಒತ್ತಾಯಿಸಿದ್ದೇವೆಯೇ? ಹೊರಗೆ ನಿಂತು ಮೂಗು ಮುರಿದರೆ ಒಳಗಿನದು ಶುದ್ಧವಾಗುವುದಿಲ್ಲ.

ಶಾಸ್ತ್ರೀಯ ಸಂಗೀತವನ್ನು ಟಿವಿಗೆ ಒಗ್ಗಿಸುವ ಕೆಲಸವನ್ನು ಬೇರೆಯವರು ಮಾಡಿ ತೋರಿಸಿದ್ದಾರೆ. ವಿಯೆನ್ನಾದ ಹೊಸವರ್ಷದ ಕಛೇರಿ 1959ರಿಂದ ಟಿವಿಯಲ್ಲಿ ಬರುತ್ತಿದೆ, ಈಗ 90ಕ್ಕೂ ಹೆಚ್ಚು ದೇಶಗಳು ಅದನ್ನು ನೋಡುತ್ತವೆ. ಅಮೆರಿಕದ ಸಿಬಿಎಸ್ ವಾಹಿನಿಯಲ್ಲಿ 1958ರಿಂದ 1972ರವರೆಗೆ ಲಿಯೊನಾರ್ಡ್ ಬರ್ನ್‌ಸ್ಟೈನ್ ಮಕ್ಕಳ ಮುಂದೆ ವಾದ್ಯವೃಂದವನ್ನು ಕೂರಿಸಿ 53 ಕಾರ್ಯಕ್ರಮ ನಡೆಸಿದರು. ಸಂಗೀತದ ಅರ್ಥವೇನು, ಮೆಲೊಡಿ ಎಂದರೇನು ಎಂಬಂಥ ಮೂಲ ಪ್ರಶ್ನೆಗಳನ್ನೇ ಎತ್ತಿಕೊಂಡು ನುಡಿಸಿ ತೋರಿಸಿದರು. ಅದು ಸರ್ಕಾರಿ ವಾಹಿನಿಯಲ್ಲ, ಜಾಹೀರಾತಿನಿಂದ ಬದುಕುವ ಖಾಸಗಿ ವಾಹಿನಿ. ಅಂಥ ಗುರು ನಮ್ಮಲ್ಲಿಲ್ಲವೇ? ಸೋದಾಹರಣ ಉಪನ್ಯಾಸ ನಮ್ಮ ಸಂಗೀತ ಸಮ್ಮೇಳನಗಳ ಪ್ರತಿ ಬೆಳಗಿನ ಪದ್ಧತಿ. ಅದು ಮೂವತ್ತು ಜನರ ಮುಂದೆ ನಡೆದು ಮುಗಿದುಹೋಗುತ್ತಿದೆ.

ಟಿವಿಯಲ್ಲಿ ಕಛೇರಿಗೆ ಜಾಗ ಕೇಳುವುದು ಕೃಪೆ ಬೇಡುವ ಮಾತೂ ಅಲ್ಲ. ಆಕಾಶದ ಅಲೆಗಳು ಸಾರ್ವಜನಿಕರ ಆಸ್ತಿ ಎಂದು ಸುಪ್ರೀಂ ಕೋರ್ಟ್ 1995ರಲ್ಲೇ ಹೇಳಿದೆ. ಆ ತೀರ್ಪು ಬಂದದ್ದು ಕ್ರಿಕೆಟ್ ಪ್ರಸಾರದ ಮೊಕದ್ದಮೆಯಲ್ಲಿ. 1997ರಲ್ಲಿ ಜಾರಿಗೆ ಬಂದ ಪ್ರಸಾರ ಭಾರತಿ ಕಾಯ್ದೆಯ 12ನೇ ಕಲಮು ನಾಡಿನ ಬೇರೆ ಬೇರೆ ಸಂಸ್ಕೃತಿ, ಭಾಷೆಗಳಿಗೆ ತಕ್ಕಷ್ಟು ಜಾಗ ಕೊಡುವ ಹೊಣೆಯನ್ನು ದೂರದರ್ಶನಕ್ಕೆ ಹೊರಿಸಿದೆ. 2022ರ ನವೆಂಬರಿನ ಮಾರ್ಗಸೂಚಿಯ ಪ್ರಕಾರ ಖಾಸಗಿ ವಾಹಿನಿಗಳೂ ದಿನಕ್ಕೆ 30 ನಿಮಿಷ ಸಾರ್ವಜನಿಕ ಹಿತದ ಕಾರ್ಯಕ್ರಮ ಕೊಡಬೇಕು, ಆ ಪಟ್ಟಿಯಲ್ಲಿ ಸಾಂಸ್ಕೃತಿಕ ಪರಂಪರೆಯ ರಕ್ಷಣೆಯೂ ಸೇರಿದೆ. ದಿನಕ್ಕೆ ಮೂವತ್ತು ನಿಮಿಷವೆಂದರೆ ವಾರಕ್ಕೆ ಮೂರೂವರೆ ಗಂಟೆ. ಒಂದು ಪೂರ್ಣ ಕಛೇರಿ ಅದರೊಳಗೆ ಕೂರುತ್ತದೆ.

ಬೇಕಾದ್ದೆಲ್ಲ ನಮ್ಮ ದಕ್ಷಿಣ ಬೆಂಗಳೂರಿನಲ್ಲೂ ಅದರ ಅಂಚಿನಲ್ಲೂ ಇದೆ. ಕೆ.ಆರ್. ರಸ್ತೆಯಲ್ಲಿ 1905ರಲ್ಲಿ ಹುಟ್ಟಿದ ಗಾಯನ ಸಮಾಜ, ಚಾಮರಾಜಪೇಟೆಯಲ್ಲಿ 1939ರಿಂದ ರಾಮನವಮಿ ಸಂಗೀತೋತ್ಸವ ನಡೆಸುತ್ತಿರುವ ಶ್ರೀರಾಮ ಸೇವಾ ಮಂಡಳಿ, ಬನಶಂಕರಿಯಲ್ಲಿ ಶ್ರೀರಾಮ ಲಲಿತಕಲಾ ಮಂದಿರ, ಜಯನಗರ ಎಂಟನೇ ಬ್ಲಾಕಿನಲ್ಲಿ ಜಯರಾಮ ಸೇವಾ ಮಂಡಳಿ, ಜೆ.ಪಿ. ನಗರ ಏಳನೇ ಹಂತದಲ್ಲಿ 2019ರಲ್ಲಿ ಬಾಗಿಲು ತೆರೆದ ಸಂಗೀತದ ವಸ್ತುಸಂಗ್ರಹಾಲಯ. ದೂರದರ್ಶನದ ಒಂದು ಹೊರಾಂಗಣ ವ್ಯಾನು ಜೆ.ಸಿ. ನಗರದಿಂದ ಹೊರಟರೆ ಒಂದೂವರೆ ಗಂಟೆಯೊಳಗೆ ಇವುಗಳಲ್ಲಿ ಯಾವುದಕ್ಕೆ ಬೇಕಾದರೂ ಬಂದು ನಿಲ್ಲಬಹುದು. ಸೆಟ್ಟು ಹಾಕಬೇಕಿಲ್ಲ, ಸಂಭಾಷಣೆ ಬರೆಸಬೇಕಿಲ್ಲ, ಕೇಳುಗರನ್ನು ಕರೆತರಬೇಕಿಲ್ಲ. ನಾಲ್ಕು ಕ್ಯಾಮೆರಾ, ಒಳ್ಳೆಯ ಮೈಕು, ತಾಳ ಗೊತ್ತಿರುವ ಒಬ್ಬ ನಿರ್ದೇಶಕ ಸಾಕು. ಇದು ದುಬಾರಿಯಾಗಬೇಕಿಲ್ಲ.

ಹಾಗಾಗಿ ನನ್ನ ಬೇಡಿಕೆ ಚಿಕ್ಕದು, ಖಚಿತವಾದದ್ದು. ವಾರಕ್ಕೊಮ್ಮೆ, ಭಾನುವಾರ ಸಂಜೆ, ಜನ ಎಚ್ಚರವಾಗಿರುವ ಹೊತ್ತಿನಲ್ಲಿ, ಕೇಳುಗರ ಮುಂದೆ ನಡೆದ ಒಂದು ಪೂರ್ಣ ಕಛೇರಿ ಚಂದನದಲ್ಲಿ ಬರಲಿ. ತನಿ ಆವರ್ತನ ಕತ್ತರಿಸಬಾರದು. ರಾಗ, ತಾಳ, ಸಾಹಿತ್ಯ ಪರದೆಯ ಮೇಲೆ ಕನ್ನಡದಲ್ಲಿ ಇರಬೇಕು. ಒಂದು ವಾರ ಕರ್ನಾಟಕ ಸಂಗೀತ, ಮುಂದಿನ ವಾರ ಧಾರವಾಡದ ಹಿಂದುಸ್ತಾನಿ, ಆಮೇಲೆ ನಾದಸ್ವರ. ಎರಡು ವರ್ಷ ಸಮಯ ಬದಲಿಸದೆ ನಡೆಸಲಿ. ಆಮೇಲೆ ಯಾರೂ ನೋಡಲಿಲ್ಲವೆಂದರೆ ನಾನು ಈ ಲೇಖನವನ್ನು ಹಿಂದಕ್ಕೆ ಪಡೆಯುತ್ತೇನೆ.

ಹಿಂದುಸ್ತಾನಿ ಗಾಯಕ ಮಲ್ಲಿಕಾರ್ಜುನ ಮನ್ಸೂರರು 1992ರಲ್ಲಿ ತೀರಿಕೊಂಡರು. ಅವರು ಕಣ್ಣುಮುಚ್ಚಿ, ಕೈ ಚಾಚಿ ಹಾಡುತ್ತಿರುವುದನ್ನು ಆಮೇಲೆ ಹುಟ್ಟಿದವರೂ ಇಂದು ನೋಡಬಹುದು, ಏಕೆಂದರೆ ಅಂದು ಯಾರೋ ಕ್ಯಾಮೆರಾ ಇಟ್ಟಿದ್ದರು. ವೀಣೆ ಶೇಷಣ್ಣನವರು 1926ರಲ್ಲಿ ತೀರಿಕೊಂಡರು. ಅವರ ಬೆರಳು ಮೆಟ್ಟಿಲುಗಳ ಮೇಲೆ ಹೇಗೆ ಓಡುತ್ತಿತ್ತೆಂಬುದು ಕಂಡವರ ಮಾತಿನಲ್ಲಷ್ಟೇ ಉಳಿದಿದೆ. ಆ ಕಾಲಕ್ಕೆ ಟಿವಿ ಇರಲಿಲ್ಲ. ನಮ್ಮ ಕಾಲಕ್ಕೆ ಆ ನೆಪವಿಲ್ಲ. ಮುಂದಿನ ಸಲ ಕಛೇರಿ ಮುಗಿದ ಮೇಲೆ ಯಾರಾದರೂ "ಟಿವೀಲಿ ಯಾರು ನೋಡ್ತಾರೆ ಬಿಡಿ" ಎಂದರೆ ದಯವಿಟ್ಟು ತಲೆಯಾಡಿಸಬೇಡಿ. ಮನೆಗೆ ಹೋಗಿ ಬೆಂಗಳೂರು ದೂರದರ್ಶನ ಕೇಂದ್ರಕ್ಕೆ ಒಂದು ಪತ್ರ ಬರೆಯಿರಿ. ಮಂಡಿನೋವಿನ ಆ ತಾಯಿ ಇನ್ನೂ ಮನೆಯಲ್ಲೇ ಕೂತಿದ್ದಾರೆ.